ಸುಲಿದದ್ದೋ, ತಾನೇ ಎದ್ದದ್ದೋ? ಎಕ್ಸ್‌ಫೋಲಿಯೇಷನ್ ಎಂಬ ಒಂದು ಪದದ ಹಲವು ಮುಖ

ಹೋದ ವರ್ಷ ಅಡಿಕೆ ಸುಲಿತದ ಹೊತ್ತಿಗೆ ತೀರ್ಥಹಳ್ಳಿ ಕಡೆಯ ನಮ್ಮ ದೊಡ್ಡಮ್ಮನಿಗೆ ಮೈಯೆಲ್ಲ ಕೆಂಪಾಗಿ ಉರಿ ಶುರುವಾಯಿತು. ನಾಲ್ಕೈದು ದಿನದಲ್ಲಿ ಕೈ, ಬೆನ್ನು, ಹೊಟ್ಟೆ, ಎಲ್ಲ ಕಡೆ ಚರ್ಮ ಚಕ್ಕೆ ಚಕ್ಕೆಯಾಗಿ ಎದ್ದಿತು. ಬೆಳಗ್ಗೆ ಹಾಸಿಗೆ ಕೊಡವಿದರೆ ಹೊಟ್ಟು ಉದುರುತ್ತಿತ್ತು. ಬಚ್ಚಲ ಒಲೆ ಮುಂದೆ ಕಂಬಳಿ ಹೊದ್ದು ಕೂತರೂ ನಡುಕ ನಿಲ್ಲುತ್ತಿರಲಿಲ್ಲ. ಆಸ್ಪತ್ರೆಯ ಚೀಟಿಯಲ್ಲಿ ‘ಎಕ್ಸ್‌ಫೋಲಿಯೇಟಿವ್ ಡರ್ಮಟೈಟಿಸ್’ ಎಂದು ಬರೆದು, ತಡ ಮಾಡದೆ ದೊಡ್ಡ ಆಸ್ಪತ್ರೆಗೆ ಹೋಗಿ ಎಂದಿದ್ದರು. ಹೊರಡುವುದು ಮರುದಿನ ಎಂದಾಯಿತು.

ಅಷ್ಟರಲ್ಲಿ ಮನೆಯ ಹುಡುಗ ಚೀಟಿಯ ಮೊದಲ ಪದವನ್ನು ಮೊಬೈಲಿನಲ್ಲಿ ಹುಡುಕಿದ್ದಾನೆ. ಬಂದದ್ದೆಲ್ಲ ಮುಖಕ್ಕೆ ಹಚ್ಚುವ ಸ್ಕ್ರಬ್. ಸತ್ತ ಚರ್ಮ ಉಜ್ಜಿ ತೆಗೆದರೆ ಹೊಸ ಚರ್ಮ ಬರುತ್ತದೆ ಎಂಬ ಮಾತು. ಪಾಪ, ಅಜ್ಜಿಗೆ ಬೇಗ ವಾಸಿಯಾಗಲಿ ಅಂತ ಪೇಟೆಗೆ ಹೋಗಿ ಒಂದು ಟ್ಯೂಬ್ ತಂದ. ಅದರ ಮೇಲೂ ಅದೇ ಪದ, ‘ಎಕ್ಸ್‌ಫೋಲಿಯೇಟಿಂಗ್’ ಅಂತ. ಅಕ್ಕ ಅದನ್ನು ಅಂಗೈಗೆ ಹಾಕಿಕೊಂಡಿದ್ದಳು. ಅದೇ ಹೊತ್ತಿಗೆ ನಾನು ಫೋನ್ ಮಾಡಿದ್ದರಿಂದ ವಿಷಯ ಗೊತ್ತಾಯಿತು. ಅದನ್ನು ಉಜ್ಜಿದ್ದರೆ ಏನಾಗುತ್ತಿತ್ತು ಎಂದು ಯೋಚಿಸಿದರೆ ಈಗಲೂ ಭಯವಾಗುತ್ತದೆ.

ಚೀಟಿಯಲ್ಲೂ ಟ್ಯೂಬಿನಲ್ಲೂ ಪದ ಒಂದೇ. ಆದರೆ ಒಂದು ಕಡೆ ಅದು ಕಾಯಿಲೆ, ಇನ್ನೊಂದು ಕಡೆ ಅಲಂಕಾರ. ಇದೇ ಪದ ಹಲ್ಲಿನ ಡಾಕ್ಟರ ಹತ್ತಿರ, ಭೂವಿಜ್ಞಾನಿಯ ಹತ್ತಿರ, ವಿಮಾನ ರಿಪೇರಿ ಮಾಡುವವರ ಹತ್ತಿರವೂ ಇದೆ. ಎಲ್ಲಿ ಏನರ್ಥ ಎಂದು ಒಮ್ಮೆ ಕೂತು ಬಿಡಿಸಿ ನೋಡೋಣ.

ಪದ ಬಂದದ್ದು ಲ್ಯಾಟಿನ್ನಿನಿಂದ. ‘ಎಕ್ಸ್’ ಅಂದರೆ ಹೊರಗೆ, ‘ಫೋಲಿಯಂ’ ಅಂದರೆ ಎಲೆ. ಗಿಡದ ಎಲೆ ತರಿದುಹಾಕುವುದು ಅದರ ಮೂಲ ಅರ್ಥ. ಆ ಫೋಲಿಯಂ ಮುಂದೆ ಪುಸ್ತಕದ ಹಾಳೆಗೂ ಹೆಸರಾಯಿತು. ಫೋಲಿಯೋ ಎಂಬ ಪದ ಅಲ್ಲಿಂದಲೇ ಬಂದದ್ದು. ನಮಗೆ ಇದು ಹೊಸದಲ್ಲ. ತೋಟದಲ್ಲಿ ಅಡಿಕೆ ಮರದಿಂದ ಬೀಳುವುದೂ ಹಾಳೆ, ಮಕ್ಕಳು ಬರೆಯುವುದೂ ಹಾಳೆ. ತಾಳೆಯ ಓಲೆ ನಮ್ಮಲ್ಲಿ ಕಾಗದದ ಓಲೆಯೂ ಆಯಿತು. ತೆಳುವಾಗಿ, ಅಗಲವಾಗಿ, ಒಂದರ ಮೇಲೊಂದು ಕೂರುವಂಥದ್ದನ್ನು ಕಂಡರೆ ಎಲ್ಲ ಊರಿನವರಿಗೂ ಎಲೆಯೇ ನೆನಪಾಗುತ್ತದೆ ಅಂತ ಕಾಣುತ್ತದೆ. ಹಾಗಾಗಿ ಹಾಳೆ ಹಾಳೆಯಾಗಿ ಬಿಟ್ಟುಕೊಳ್ಳುವ ಯಾವುದಕ್ಕೇ ಆಗಲಿ ಎಕ್ಸ್‌ಫೋಲಿಯೇಷನ್ ಎನ್ನುತ್ತಾರೆ.

ತೊಡಕು ಎಲ್ಲಿದೆ ಅಂದರೆ, ಈ ಪದ ಅದನ್ನು ಯಾರು ಮಾಡಿದರು ಎಂದು ಹೇಳುವುದಿಲ್ಲ. ಕನ್ನಡ ಇಲ್ಲಿ ಬಹಳ ಚೊಕ್ಕ. ಅಡಿಕೆಯನ್ನು ನಾವು ಸುಲಿಯುತ್ತೇವೆ. ಹಲಸಿನ ತೊಳೆ ಬಿಡಿಸುತ್ತೇವೆ. ಕಾಯಿ ಹೆರೆಯುತ್ತೇವೆ. ಆದರೆ ಗೋಡೆಯ ಸುಣ್ಣ ತಾನೇ ಚಕ್ಕೆ ಏಳುತ್ತದೆ, ಹಾವು ಪೊರೆ ಬಿಡುತ್ತದೆ, ತಲೆಯ ಹೊಟ್ಟು ಉದುರುತ್ತದೆ. ಕ್ರಿಯಾಪದ ಕೇಳಿದ ಕೂಡಲೇ ಕೈ ಯಾರದ್ದು ಎಂದು ತಿಳಿಯುತ್ತದೆ. ‘ಎಕ್ಸ್‌ಫೋಲಿಯೇಷನ್’ ಇವೆಲ್ಲವನ್ನೂ ಒಂದೇ ಚೀಲಕ್ಕೆ ತುಂಬಿಬಿಡುತ್ತದೆ. ಹುಡುಗ ಎಡವಿದ್ದು ಅಲ್ಲೇ. ಚೀಟಿ ಹೇಳಿದ್ದು ‘ಚರ್ಮ ತಾನೇ ಏಳುತ್ತಿದೆ’ ಅಂತ. ಅವನು ಓದಿಕೊಂಡದ್ದು ‘ಚರ್ಮ ಸುಲಿಯಬೇಕು’ ಅಂತ.

ಚರ್ಮದಿಂದಲೇ ಶುರು ಮಾಡೋಣ. ನಮ್ಮ ಹೊರಚರ್ಮದ ತಳದಲ್ಲಿ ಹೊಸ ಕೋಶಗಳು ಹುಟ್ಟುತ್ತಲೇ ಇರುತ್ತವೆ. ಅವು ಮೇಲೆ ಮೇಲೆ ಸರಿಯುತ್ತ, ಚಪ್ಪಟೆಯಾಗುತ್ತ, ಕೊನೆಗೆ ಸತ್ತು, ಹೆಂಚಿನ ಮಾಡಿನ ಹಾಗೆ ಒಂದರ ಮೇಲೊಂದು ಕೂರುತ್ತವೆ. ನೀರು ಒಳಗಿಂದ ಆರಿಹೋಗದಂತೆ, ಹೊರಗಿನ ಕೊಳಕು ಒಳಗೆ ಬರದಂತೆ ತಡೆಯುವುದು ಈ ಸತ್ತ ಕೋಶಗಳ ಮಾಡೇ. ಮೇಲಿನ ಸಾಲನ್ನು ಹಿಡಿದಿರುವ ಅಂಟು ನಿಧಾನವಾಗಿ ಕರಗಿ, ಕೋಶಗಳು ಕಣ್ಣಿಗೆ ಕಾಣದಂತೆ ಉದುರುತ್ತವೆ. ಹುಟ್ಟಿನಿಂದ ಉದುರುವ ತನಕ ಪ್ರಾಯದವರಲ್ಲಿ ಸುಮಾರು 4 ವಾರ ಬೇಕು. ವಯಸ್ಸಾದಂತೆ ಇನ್ನೂ ಜಾಸ್ತಿ.

ಪಾರ್ಲರಿನಲ್ಲಿ ಮಾಡುವುದು ಈ ಕೆಲಸಕ್ಕೆ ಸ್ವಲ್ಪ ಕೈ ಸೇರಿಸುವುದು, ಅಷ್ಟೇ. ಅದರಲ್ಲಿ ಎರಡು ದಾರಿ ಇದೆ. ಒಂದು ಉಜ್ಜುವುದು. ದೀಪಾವಳಿಯ ಎಣ್ಣೆಸ್ನಾನದಲ್ಲಿ ಸೀಗೆಪುಡಿ, ಕಡ್ಲೆಹಿಟ್ಟು ಹಾಕಿ ತಿಕ್ಕುವುದು, ಒಣಗಿದ ತುಪ್ಪದ ಹೀರೆಯ ನಾರಿನಿಂದ ಬೆನ್ನು ಉಜ್ಜುವುದು, ಎಲ್ಲ ಇದೇ ಲೆಕ್ಕ. ಇನ್ನೊಂದು ಅಂಟನ್ನೇ ಸಡಿಲಿಸುವುದು. ಗ್ಲೈಕಾಲಿಕ್ ಆಮ್ಲ, ಮೊಸರಲ್ಲಿರುವ ಲ್ಯಾಕ್ಟಿಕ್ ಆಮ್ಲ ಮಾಡುವುದು ಅದನ್ನೇ. ಮೊಸರಲ್ಲಿ ಕಡ್ಲೆಹಿಟ್ಟು ಕಲಸಿ ಹಚ್ಚುತ್ತಿದ್ದ ನಮ್ಮ ಅಜ್ಜಿಯರು ಎರಡು ದಾರಿಯನ್ನೂ ಒಟ್ಟಿಗೇ ಹಿಡಿದಿದ್ದರು. ಅಂಗಡಿಯ ಸ್ಕ್ರಬ್‌ನಲ್ಲಿ ಹಿಂದೆ ಸಣ್ಣ ಪ್ಲಾಸ್ಟಿಕ್ ಮಣಿಗಳು ಇರುತ್ತಿದ್ದವು. ಅವು ಚರಂಡಿ ದಾಟಿ ನದಿ ಸೇರುತ್ತವೆ ಎಂದು ಅಮೆರಿಕ 2015ರಲ್ಲಿ ಕಾನೂನು ಮಾಡಿ ನಿಲ್ಲಿಸಿತು. ಆರೋಗ್ಯವಾಗಿರುವ ಚರ್ಮಕ್ಕೆ ಹಗುರವಾಗಿ ಆಗೊಮ್ಮೆ ಈಗೊಮ್ಮೆ ಉಜ್ಜಿದರೆ ತೊಂದರೆಯಿಲ್ಲ. ಆಮ್ಲದ ಕ್ರೀಮ್ ಹಚ್ಚುವವರು ಬಿಸಿಲಿನಿಂದ ಜೋಪಾನವಾಗಿರಬೇಕು, ಯಾಕೆಂದರೆ ಹೊಸ ಚರ್ಮ ಬೇಗ ಸುಡುತ್ತದೆ.

ದೊಡ್ಡಮ್ಮನಿಗೆ ಆದದ್ದು ಇದರ ಪೂರ್ತಿ ಉಲ್ಟಾ. ಎಕ್ಸ್‌ಫೋಲಿಯೇಟಿವ್ ಡರ್ಮಟೈಟಿಸ್‌ನಲ್ಲಿ ಕೋಶಗಳು ತಳದಿಂದ ಮೇಲಕ್ಕೆ ಓಡೋಡಿ ಬರುತ್ತವೆ. ಬಲಿಯುವ ಮೊದಲೇ ಉದುರುತ್ತವೆ. ಮೈಯ ಹತ್ತರಲ್ಲಿ ಒಂಬತ್ತು ಪಾಲಿಗಿಂತ ಹೆಚ್ಚು ಚರ್ಮ ಕೆಂಪಾಗಿ ಚಕ್ಕೆ ಏಳುತ್ತದೆ. ಸೋರಿಯಾಸಿಸ್, ಎಕ್ಸಿಮಾ, ಯಾವುದೋ ಮಾತ್ರೆ ಒಗ್ಗದಿರುವುದು, ಹೀಗೆ ಕಾರಣ ಹಲವು. ಅಪರೂಪಕ್ಕೆ ರಕ್ತದ ಕ್ಯಾನ್ಸರಿನ ಕೆಲವು ಬಗೆಯೂ ಇರಬಹುದು. ಮಾಡು ಹಾರಿಹೋದ ಮನೆ ನೆನೆದುಕೊಳ್ಳಿ. ಮೈಯ ಬಿಸಿ, ನೀರು, ಪ್ರೋಟೀನ್ ಎಲ್ಲ ಚರ್ಮದ ಮೂಲಕ ಹೊರಗೆ ಹೋಗುತ್ತದೆ. ಒಲೆ ಮುಂದೆ ಕೂತರೂ ನಡುಕ ನಿಲ್ಲದ್ದು ಅದಕ್ಕೇ. ಅಲ್ಲಿ ಉಜ್ಜುವುದೆಂದರೆ ಉಳಿದ ನಾಲ್ಕು ಹೆಂಚನ್ನೂ ಕೆಡವಿದ ಹಾಗೆ. ಮೈತುಂಬ ಹೀಗೆ ಚರ್ಮ ಎದ್ದರೆ ಅದು ಅದೇ ದಿನ ಆಸ್ಪತ್ರೆಗೆ ಹೋಗಬೇಕಾದ ಕಾಯಿಲೆ. ನಮ್ಮವರು ಮರುದಿನಕ್ಕೆ ಹಾಕಿದ್ದೂ ತಪ್ಪೇ.

ಆಸ್ಪತ್ರೆಯಲ್ಲಿ ಇದೇ ಪದಕ್ಕೆ ಇನ್ನೂ ಮೂರು ಕೆಲಸವಿದೆ. ಹೆಂಗಸರಿಗೆ ಮಾಡುವ ಪ್ಯಾಪ್ ಪರೀಕ್ಷೆ ‘ಎಕ್ಸ್‌ಫೋಲಿಯೇಟಿವ್ ಸೈಟಾಲಜಿ’ ಎಂಬ ಗುಂಪಿಗೆ ಸೇರುತ್ತದೆ. ಗರ್ಭಕಂಠದಿಂದ ಉದುರಿದ ಕೋಶಗಳನ್ನು ನೋಡಿದರೆ ಕ್ಯಾನ್ಸರ್ ಮೊದಲೇ ಗೊತ್ತಾಗುತ್ತದೆ ಎಂದು ಜಾರ್ಜ್ ಪಾಪನಿಕೊಲಾವ್ ತೋರಿಸಿಕೊಟ್ಟರು. ಈಗ ಸಣ್ಣ ಬ್ರಷ್ಷಿನಿಂದ ಹಗುರವಾಗಿ ಸವರಿ ಕೋಶ ತೆಗೆಯುತ್ತಾರೆ. ಉದುರಿದ್ದು ಹೋಗಿ ಸವರಿದ್ದು ಬಂತು, ಹೆಸರು ಮಾತ್ರ ಹಳೆಯದೇ ಉಳಿಯಿತು. ರಿಪೋರ್ಟಿನಲ್ಲಿ ಆ ಪದ ಕಂಡು ಯಾರೂ ಹೆದರಬೇಕಿಲ್ಲ, ಅದು ಪರೀಕ್ಷೆಯ ಹೆಸರು, ಕಾಯಿಲೆಯದ್ದಲ್ಲ.

ಕಣ್ಣಿನ ಡಾಕ್ಟರು ‘ಸೂಡೋ ಎಕ್ಸ್‌ಫೋಲಿಯೇಷನ್’ ಅನ್ನುತ್ತಾರೆ, ಅಂದರೆ ಸುಳ್ಳು ಎಕ್ಸ್‌ಫೋಲಿಯೇಷನ್. ವಯಸ್ಸಾದವರ ಕಣ್ಣಿನ ಮಸೂರದ ಮೇಲೆ ಬೂದಿಯಂಥ ಬಿಳಿ ಚಕ್ಕೆ ಕೂರುತ್ತದೆ. ನೋಡಿದರೆ ಮಸೂರದ ಹೊರಗಿನ ತೆಳು ಪೊರೆಯೇ ಎದ್ದ ಹಾಗಿರುತ್ತದೆ. ನಿಜವಾಗಿ ಅದು ಬೇರೆ ಕಡೆಯಿಂದ ಬಂದು ಅಂಟಿಕೊಂಡದ್ದು. ನಿಜವಾದದ್ದು ಹಿಂದೆ ಗಾಜಿನ ಕುಲುಮೆಯ ಎದುರು ವರ್ಷಗಟ್ಟಲೆ ದುಡಿದವರಲ್ಲಿ ಕಾಣಿಸುತ್ತಿತ್ತು. ಶಾಖಕ್ಕೆ ಮಸೂರದ ಮುಂದಿನ ಪೊರೆ ಸೀಳಿ ಸುರುಳಿ ಸುತ್ತುತ್ತಿತ್ತು. ಸುಳ್ಳು ಎಂದು ಹೆಸರಿದ್ದರೂ ಮೊದಲನೆಯದನ್ನು ಹಗುರವಾಗಿ ನೋಡಬಾರದು, ಅದರಿಂದ ಕಣ್ಣಿನ ಒತ್ತಡ ಏರಿ ಗ್ಲಾಕೋಮಾ ಬರಬಹುದು.

ಇನ್ನು ಹಲ್ಲು. ನನಗೆ ಬಹಳ ಇಷ್ಟವಾದ ಅರ್ಥ ಇದು. ಮಕ್ಕಳ ಹಾಲುಹಲ್ಲು ಬೀಳುವುದಕ್ಕೆ ದಂತವೈದ್ಯರು ಎಕ್ಸ್‌ಫೋಲಿಯೇಷನ್ ಎನ್ನುತ್ತಾರೆ. 20 ಹಾಲುಹಲ್ಲುಗಳು ಸುಮಾರು 6ರಿಂದ 12 ವರ್ಷದೊಳಗೆ ಒಂದೊಂದಾಗಿ ಉದುರುತ್ತವೆ. ಸಗಣಿಯಲ್ಲಿಟ್ಟು ಮಾಡಿನ ಮೇಲೆ ಎಸೆಯುವ ಮೊದಲು ಆ ಹಲ್ಲನ್ನೊಮ್ಮೆ ತಿರುಗಿಸಿ ನೋಡಿ. ಅದಕ್ಕೆ ಬೇರು ಎಂಬುದೇ ಇರುವುದಿಲ್ಲ. ಮೇಲೆ ಬಿಳಿ ಟೊಪ್ಪಿ, ಅಡಿಯಲ್ಲಿ ತಗ್ಗು, ಅಂಚು ಇಲಿ ಕಡಿದ ಹಾಗೆ ಒರಟು. ಕೆಳಗಿನ ಹೊಸ ಹಲ್ಲು ಮೇಲೆ ಬರುವಾಗ ದೇಹವೇ ಹಳೆ ಹಲ್ಲಿನ ಬೇರನ್ನು ಸ್ವಲ್ಪ ಸ್ವಲ್ಪವೇ ಕರಗಿಸಿ ಹೀರಿಕೊಂಡಿರುತ್ತದೆ. ನಾವು ದಾರ ಕಟ್ಟಿ ಎಳೆದೆವು ಅಂದುಕೊಳ್ಳುತ್ತೇವೆ. ಅಷ್ಟು ಹೊತ್ತಿಗೆ ಮುಕ್ಕಾಲು ಕೆಲಸ ಮುಗಿದಿರುತ್ತದೆ.

ಮನೆಯಿಂದ ಕಾಡಿಗೆ ಬಂದರೆ ನಂದಿ ಮರ. ನಮ್ಮ ಘಟ್ಟದ ಕಾಡಲ್ಲಿ ಅದನ್ನು ಗುರುತಿಸಲು ಎಲೆ ನೋಡಬೇಕಿಲ್ಲ, ಕಾಂಡ ಸಾಕು. ನುಣ್ಣಗೆ ಬೆಳ್ಳಗೆ ನಿಂತಿರುತ್ತದೆ. ತೊಗಟೆ ಕಾಗದದಂತೆ ತೆಳು ಚೂರುಗಳಾಗಿ ಕಳಚುತ್ತದೆ. ಹಿತ್ತಿಲ ಪೇರಲೆ ಮರವೂ ಹಾಗೇ. ಚಿಕ್ಕವರಿದ್ದಾಗ ಅದರ ತೊಗಟೆ ಕೀಳುತ್ತ ಕೂರದವರು ಯಾರು? ಪಕ್ಕದಲ್ಲೇ ಮತ್ತಿ ಮರ ಇದ್ದರೆ ನೋಡಿ. ಅದರ ತೊಗಟೆ ಮೊಸಳೆ ಬೆನ್ನಿನ ಹಾಗೆ ಬಿರಿದು, ದಪ್ಪವಾಗಿ, ಅಲ್ಲೇ ಅಂಟಿಕೊಂಡಿರುತ್ತದೆ. ಎರಡು ಮರಕ್ಕೂ ಸಮಸ್ಯೆ ಒಂದೇ. ಕಾಂಡ ಒಳಗಿಂದ ದಪ್ಪವಾಗುತ್ತ ಬರುತ್ತದೆ, ಹೊರಗಿನ ತೊಗಟೆ ಸತ್ತದ್ದು, ಹಿಗ್ಗಲಾರದು. ಮತ್ತಿ ಬಿರಿದುಕೊಂಡು ಹೊರುತ್ತದೆ, ನಂದಿ ಕಳಚಿ ಹಗುರಾಗುತ್ತದೆ. ತೊಗಟೆ ಬಿಡುವ ಮರಕ್ಕೆ ಇನ್ನೊಂದು ಲಾಭ, ಅದರ ಮೇಲೆ ಹಾವಸೆ, ಬಂದಳಿಕೆ ಬೇರೂರಲು ಕಷ್ಟ. ಅಡುಗೆಮನೆಯ ಚಕ್ಕೆಯೂ ಮರದ ತೊಗಟೆಯೇ. ಆದರೆ ಅದು ತಾನಾಗಿ ಏಳುವುದಿಲ್ಲ, ಚಾಕು ಹಾಕಿ ಸುಲಿಯಬೇಕು.

ಬಂಡೆಯ ಕತೆ ಸ್ವಲ್ಪ ಉದ್ದ. ಮಲೆನಾಡಲ್ಲಿ ಬಂಡೆಯ ಬಹುಪಾಲು ಮಣ್ಣು, ಜಂಬಿಟ್ಟಿಗೆ, ಕಾಡಿನ ಅಡಿಗೆ ಸೇರಿದೆ. ಇದನ್ನು ಚೆನ್ನಾಗಿ ನೋಡಬೇಕೆಂದರೆ ಬಯಲುಸೀಮೆಯ ಸಾವನದುರ್ಗ, ಮಧುಗಿರಿ ಕಡೆ ಹೋಗಬೇಕು. ಆ ಗುಡ್ಡಗಳು ಬೋಳುತಲೆಯಂತೆ ಗುಂಡಗಿವೆ. ಇಂಥ ಬೆಟ್ಟಗಳ ಮೇಲೆ ಗ್ರಾನೈಟ್ ಚಪ್ಪಡಿ ಚಪ್ಪಡಿಯಾಗಿ, ಬೆಟ್ಟದ ಬಾಗನ್ನೇ ಹಿಡಿದು ಬಿಟ್ಟಿರುತ್ತದೆ. ಈ ಕಲ್ಲು ಹುಟ್ಟಿದ್ದು ನೆಲದಿಂದ ಎಷ್ಟೋ ಕಿಲೋಮೀಟರ್ ಆಳದಲ್ಲಿ, ಭಾರಿ ಒತ್ತಡದಲ್ಲಿ. ಮೇಲಿನ ಮಣ್ಣು ಕಲ್ಲು ಕೋಟಿಗಟ್ಟಲೆ ವರ್ಷ ಸವೆದು ಭಾರ ಇಳಿದಾಗ ಅದು ಮೇಲಕ್ಕೆ ಹಿಗ್ಗುತ್ತದೆ, ಮೇಲ್ಮೈಗೆ ಸಮನಾಗಿ ಬಿರುಕು ಬಿಡುತ್ತದೆ ಎಂಬುದು ಹಳೆಯ ವಿವರಣೆ. ಈಗಿನವರು ಇನ್ನೊಂದು ಮಾತು ಸೇರಿಸುತ್ತಾರೆ. ಒಂದು ಅಡಿಕೆ ದಬ್ಬೆ ತೆಗೆದುಕೊಳ್ಳಿ, ಸ್ವಲ್ಪ ಬಾಗಿಸಿ, ಎರಡು ತುದಿಯಿಂದ ಒತ್ತಿ. ನಡುಭಾಗ ಮೇಲಕ್ಕೆ ಚಿಮ್ಮುತ್ತದೆ ಅಲ್ವಾ? ಬಾಗಿದ ಬಂಡೆಯನ್ನೂ ಭೂಮಿ ಪಕ್ಕದಿಂದ ಒತ್ತುತ್ತಲೇ ಇರುತ್ತದೆ. ಆಗ ಹೊರಗಿನ ಪದರ ಮೇಲಕ್ಕೆ ಎದ್ದು ಬಿಡುತ್ತದೆ. ಇದು ನಿಧಾನವಾಗೇ ಆಗಬೇಕೆಂದಿಲ್ಲ. 2014ರ ಆಗಸ್ಟ್‌ನಲ್ಲಿ ಕ್ಯಾಲಿಫೋರ್ನಿಯಾದ ಟ್ವೇನ್ ಹಾರ್ಟ್ ಎಂಬ ಊರಲ್ಲಿ ಕೆರೆಯ ಪಕ್ಕದ ಬಂಡೆ ಜನರ ಕಣ್ಣೆದುರೇ ಸದ್ದು ಮಾಡಿ ಸಿಡಿದು ಪದರ ಎದ್ದಿತು.

ಹಗಲು ಬಿಸಿಲಿಗೆ ಕಾದು ರಾತ್ರಿ ತಣ್ಣಗಾಗಿ ಬಂಡೆ ಸಿಪ್ಪೆ ಬಿಡುತ್ತದೆ ಎಂದು ನಾವೆಲ್ಲ ಶಾಲೆಯಲ್ಲಿ ಓದಿದ್ದೇವೆ. ಡೇವಿಡ್ ಗ್ರಿಗ್ಸ್ ಎಂಬ ಅಮೆರಿಕದ ವಿಜ್ಞಾನಿ 1936ರಲ್ಲಿ ಅದನ್ನು ಪರೀಕ್ಷೆ ಮಾಡಿಯೇ ನೋಡಿದರು. ನಯಗೊಳಿಸಿದ ಗ್ರಾನೈಟ್ ತುಂಡನ್ನು 89,400 ಸಲ ಕಾಯಿಸಿ ಆರಿಸಿದರು. ಅಂದರೆ 244 ವರ್ಷದ ಹಗಲು ರಾತ್ರಿ. ಕಲ್ಲಿಗೆ ಏನೂ ಆಗಲಿಲ್ಲ. ಆಮೇಲೆ ಆರಿಸುವಾಗ ನೀರು ಚಿಮುಕಿಸಿದರು. ಬೇಗನೆ ಹೊಳಪು ಹೋಗಿ ಬಿರುಕು ಕಾಣಿಸಿತು. ಈ ಫಲಿತಾಂಶ ಓದಿದಾಗ ನನಗೆ ಆಗುಂಬೆ ನೆನಪಾಯಿತು. ವರ್ಷಕ್ಕೆ 7,000 ಮಿಲಿಮೀಟರಿಗೂ ಹೆಚ್ಚು ಮಳೆ ಬೀಳುವ ಊರದು. ನಮ್ಮ ಕಡೆ ರಸ್ತೆಗಾಗಿ ಗುಡ್ಡ ಕಡಿದ ಜಾಗಗಳಲ್ಲಿ ಕೆಂಪು ಮಣ್ಣಿನ ನಡುವೆ ಉರುಟು ಕಲ್ಲುಗಳು ಕಾಣುತ್ತವೆ. ಕೆಲವನ್ನು ಬೆರಳಿಂದ ಕೆದಕಿದರೆ ಈರುಳ್ಳಿಯಂತೆ ಸಿಪ್ಪೆ ಏಳುತ್ತದೆ, ಒಳಗೆ ಗಟ್ಟಿ ಗುಂಡು. ಅದು ನೀರಿನ ಕೆಲಸ. ನೀರು ಕಲ್ಲಿನ ಬಿರುಕಿಗೆ ಇಳಿದು, ಖನಿಜವನ್ನು ಜೇಡಿಯಾಗಿಸುತ್ತ, ಮೂಲೆಗಳನ್ನು ಮೊದಲು ತಿಂದು, ಪದರ ಪದರವಾಗಿ ಬಿಡಿಸುತ್ತದೆ. ಹೆಸರು ಒಂದೇ ಆದರೂ ಮಧುಗಿರಿ ಥರದ ಬೆಟ್ಟದ ಚಪ್ಪಡಿಗೂ ಈ ಈರುಳ್ಳಿ ಕಲ್ಲಿಗೂ ಕಾರಣ ಬೇರೆ ಬೇರೆ.

ಕಲ್ಲಿನ ಈ ಗುಣವನ್ನು ಕಲ್ಲುಕುಟಿಗರು ವಿಜ್ಞಾನಿಗಳಿಗಿಂತ ಮೊದಲೇ ಬಲ್ಲವರಾಗಿದ್ದರು. ಹಿಂದೆ ಬೆಂಗಳೂರು ಸುತ್ತಿನ ಕಲ್ಲುಗಣಿಗಳಲ್ಲಿ ಬಂಡೆಯ ಮೇಲೆ ಸೌದೆ ಉರಿಸಿ, ಬೆಂಕಿಯನ್ನು ನಿಧಾನವಾಗಿ ಮುಂದೆ ಸರಿಸುತ್ತ, ಸುತ್ತಿಗೆಯಿಂದ ತಟ್ಟಿ ಸದ್ದು ಕೇಳುತ್ತಿದ್ದರು. ಪೊಳ್ಳು ಸದ್ದು ಬಂದರೆ ಅಡಿಯಲ್ಲಿ ಪದರ ಬಿಟ್ಟಿದೆ ಎಂದರ್ಥ. ದೊಡ್ಡ ಚಪ್ಪಡಿ ಹಾಗೇ ಎದ್ದು ಬರುತ್ತಿತ್ತು.

ಅದೇ ಪದ ಶಾಸನ ಕಾಪಾಡುವವರ ಬಾಯಲ್ಲಿ ಬಂದರೆ ಎದೆ ಧಸಕ್ಕೆನ್ನುತ್ತದೆ. ಬಳ್ಳಿಗಾವಿ, ತಾಳಗುಂದ, ಕೆಳದಿ, ಇಕ್ಕೇರಿ, ನಮ್ಮ ಜಿಲ್ಲೆಯ ಚರಿತ್ರೆ ಉಳಿದಿರುವುದೇ ಕಲ್ಲಿನ ಮೇಲೆ. ಕೆತ್ತಿದ ಅಕ್ಷರದ ಆಳ ಬಹಳ ಕಮ್ಮಿ. ಕಲ್ಲೊಳಗೆ ಹೋದ ನೀರಿನ ಜೊತೆ ಉಪ್ಪು ಸೇರಿರುತ್ತದೆ. ನೀರು ಆರಿದಾಗ ಉಪ್ಪು ಹರಳುಗಟ್ಟಿ ಹೊರ ಪದರವನ್ನು ದೂಡುತ್ತದೆ. ಒಂದು ಚಕ್ಕೆ ಬಿದ್ದರೆ ಅದರ ಜೊತೆ ಒಂದು ಸಾಲು ಹೋಯಿತು. ಊರ ಗುಡಿಯ ಶಾಸನ ಚೆನ್ನಾಗಿ ಕಾಣಲಿ ಎಂದು ವೈರ್ ಬ್ರಷ್ ಹಾಕಿ ತಿಕ್ಕುವುದು, ಬಣ್ಣ ಬಳಿಯುವುದು ದಯವಿಟ್ಟು ಬೇಡ. ಸಡಿಲವಾದ ಪದರಕ್ಕೆ ಅದು ದೊಡ್ಡಮ್ಮನ ಮೈಗೆ ಸ್ಕ್ರಬ್ ಹಾಕಿದ ಹಾಗೇ.

ಲೋಹದ ಮಾತು ಬೇಗ ಮುಗಿಸುತ್ತೇನೆ. ವಿಮಾನದಲ್ಲಿ ಬಳಸುವ ಕೆಲವು ಗಟ್ಟಿ ಅಲ್ಯೂಮಿನಿಯಂ ಮಿಶ್ರಲೋಹಗಳನ್ನು ರೋಲರಿನ ನಡುವೆ ಒತ್ತಿ ಹಾಳೆ ಮಾಡುವಾಗ ಒಳಗಿನ ಕಣಗಳು ಅವಲಕ್ಕಿಯಂತೆ ಚಪ್ಪಟೆಯಾಗುತ್ತವೆ. ಕಣ ಕಣಗಳ ನಡುವೆ ಕಿಲುಬು ಹಿಡಿದರೆ ಅದು ಉಬ್ಬಿ ಲೋಹ ಪುಸ್ತಕದ ಪುಟಗಳ ಹಾಗೆ ಬಿಟ್ಟುಕೊಳ್ಳುತ್ತದೆ. ಇದಕ್ಕೆ ಎಕ್ಸ್‌ಫೋಲಿಯೇಷನ್ ಕರೋಷನ್ ಎನ್ನುತ್ತಾರೆ. ಮಳೆಗಾಲದಲ್ಲಿ ಪ್ಲೈವುಡ್ ಬಾಗಿಲು ಪದರ ಬಿಟ್ಟರೆ ಮಾತ್ರ ಆ ಹೆಸರು ಬಳಸುವುದಿಲ್ಲ. ಅಂಟು ಹಾಕಿ ಕೂಡಿಸಿದ್ದು ಬಿಟ್ಟರೆ ಅದು ಡಿಲ್ಯಾಮಿನೇಷನ್.

ಇಷ್ಟು ಹೊತ್ತೂ ಪದರ ಏಳುವುದು ಹಾಳಾಗುವುದರ ಇಲ್ಲವೇ ಹಳೆಯದು ಹೋಗುವುದರ ಕತೆಯಾಗಿತ್ತು. ಪದರವನ್ನೇ ಹುಡುಕಿಕೊಂಡು ಹೋದವರೂ ಇದ್ದಾರೆ. ಪೆನ್ಸಿಲಿನ ಕಡ್ಡಿಯಲ್ಲಿರುವ ಗ್ರಾಫೈಟ್ ಇಂಗಾಲದ ಹಾಳೆಗಳ ಕಟ್ಟು. ವೀಳ್ಯದೆಲೆಯ ಕಟ್ಟು ನೆನೆಸಿಕೊಳ್ಳಿ. ಒಂದು ಎಲೆ ಹರಿಯಲು ಬಲ ಬೇಕು, ಎಲೆಯ ಮೇಲಿಂದ ಎಲೆ ಜಾರಿಸಲು ಬೇಡ. ಗ್ರಾಫೈಟೂ ಹಾಗೇ. ಪೆನ್ಸಿಲ್ ಗೀರಿದಾಗ ಕಾಗದಕ್ಕೆ ಅಂಟುವುದು ಜಾರಿದ ಎಲೆಗಳು. ಒಂದು ಮಿಲಿಮೀಟರ್ ದಪ್ಪದಲ್ಲಿ ಇಂಥ ಸುಮಾರು 30 ಲಕ್ಷ ಹಾಳೆಗಳಿರುತ್ತವೆ. ಮ್ಯಾಂಚೆಸ್ಟರ್ ವಿಶ್ವವಿದ್ಯಾಲಯದ ಆಂದ್ರೆ ಗೈಮ್ ಮತ್ತು ಕಾನ್‌ಸ್ಟಾಂಟಿನ್ ನೊವೊಸೆಲೊವ್ ಅದರಿಂದ ಒಂದೇ ಹಾಳೆ ಬಿಡಿಸಿ 2004ರಲ್ಲಿ ಜಗತ್ತಿಗೆ ತೋರಿಸಿದರು. ಬಳಸಿದ್ದು ಅಂಗಡಿಯಲ್ಲಿ ಸಿಗುವ ಅಂಟುಟೇಪು. ಗ್ರಾಫೈಟಿನ ಮೇಲ್ಮೈ ಚೊಕ್ಕ ಮಾಡಲು ಪ್ರಯೋಗಾಲಯಗಳಲ್ಲಿ ಟೇಪ್ ಅಂಟಿಸಿ ಕಿತ್ತು ಎಸೆಯುವ ರೂಢಿ ಇತ್ತು. ಇವರು ಆ ಎಸೆದ ಟೇಪಿನಲ್ಲಿ ಏನಿದೆ ಎಂದು ನೋಡಿದರು. ಟೇಪನ್ನು ಮಡಚಿ ಬಿಡಿಸಿದರೆ ಚೂರು ಎರಡಾಗಿ ಸೀಳುತ್ತದೆ. ಮತ್ತೆ ಮಡಚಿದರೆ ಮತ್ತೆ ಎರಡು. ಪ್ರತಿ ಸಲ ಸರಿಯಾಗಿ ಅರ್ಧವಾದರೆ 30 ಲಕ್ಷ ಹಾಳೆ ಒಂದಕ್ಕೆ ಇಳಿಯಲು ಬರೀ 22 ಸಲ ಸಾಕು. ನೀವೇ ಗುಣಿಸಿ ನೋಡಿ. ಆ ಒಂಟಿ ಹಾಳೆಯೇ ಗ್ರಾಫೀನ್. 2010ರ ಭೌತವಿಜ್ಞಾನದ ನೊಬೆಲ್ ಇಬ್ಬರಿಗೂ ಬಂತು. 2014ರಲ್ಲಿ ಇನ್ನೊಂದು ತಂಡ ಗ್ರಾಫೈಟ್ ಪುಡಿಯನ್ನು ಪಾತ್ರೆ ತೊಳೆಯುವ ಸೋಪಿನ ನೀರಲ್ಲಿ ಹಾಕಿ ಅಡುಗೆಮನೆಯ ಮಿಕ್ಸಿಯಂಥ ಬ್ಲೆಂಡರಿನಲ್ಲಿ ತಿರುಗಿಸಿಯೇ ಗ್ರಾಫೀನ್ ಬಿಡಿಸಿತು.

ನಮ್ಮೂರಿನ ನರ್ಸರಿಗಳಲ್ಲಿ ಸಸಿಯ ಮಣ್ಣಿಗೆ ಸೇರಿಸುವ ಹೊಳೆಯುವ ಹಗುರ ಕಾಳಿದೆಯಲ್ಲ, ವರ್ಮಿಕ್ಯುಲೈಟ್, ಅದರ ಚೀಲದ ಮೇಲೂ ‘ಎಕ್ಸ್‌ಫೋಲಿಯೇಟೆಡ್’ ಎಂದಿರುತ್ತದೆ. ಅದು ಕಾಗೆಬಂಗಾರದ ನೆಂಟ. ಜೋರು ಬಿಸಿ ಮಾಡಿದಾಗ ಪದರಗಳ ನಡುವಿನ ನೀರು ಆವಿಯಾಗಿ ಕಾಳು ಹಾರ್ಮೋನಿಯಂ ತಿದಿಯಂತೆ ಉದ್ದಕ್ಕೆ ಹಿಗ್ಗುತ್ತದೆ. ಒಂದು ಕಾಳನ್ನು ಬೆರಳಲ್ಲಿ ಹಿಡಿದು ನೋಡಿದರೆ ಸಾಲು ಸಾಲು ಹಾಳೆ ಕಾಣುತ್ತದೆ. ಇಲ್ಲಿ ಯಾವುದೂ ಉದುರಿಲ್ಲ, ಯಾರೂ ಸುಲಿದಿಲ್ಲ. ಪದರ ಬಿಡಿಸಿಕೊಂಡು ನಡುವೆ ಜಾಗ ಮಾಡಿಕೊಂಡಿದೆ, ಆ ಜಾಗದಲ್ಲಿ ಸಸಿಗೆ ನೀರು ನಿಲ್ಲುತ್ತದೆ.

ದೊಡ್ಡಮ್ಮನನ್ನು ಕೊನೆಗೆ ಆ ರಾತ್ರಿಯೇ ದೊಡ್ಡ ಆಸ್ಪತ್ರೆಗೆ ಸೇರಿಸಿದೆವು. ಹೊಸದಾಗಿ ಶುರುಮಾಡಿದ್ದ ಒಂದು ಮಾತ್ರೆ ಅವರ ಮೈಗೆ ಒಗ್ಗಿರಲಿಲ್ಲ. ಅದನ್ನು ನಿಲ್ಲಿಸಿದರು. ದಿನಕ್ಕೆ ನಾಲ್ಕೈದು ಸಲ ಮೈಗೆ ಮುಲಾಮು ಹಚ್ಚಬೇಕಿತ್ತು, ಉಜ್ಜದೆ, ಅಂಗೈಯಿಂದ ಸವರಿ. ಹುಡುಗ ಆಸ್ಪತ್ರೆಯಲ್ಲೇ ಉಳಿದು ಅದನ್ನು ಮಾಡಿದ. ಮೂರನೇ ವಾರ ಚಕ್ಕೆ ಏಳುವುದು ನಿಂತಿತು. ಈ ಸಲದ ಸುಲಿತಕ್ಕೆ ದೊಡ್ಡಮ್ಮ ಮತ್ತೆ ಮೆಟ್ಟುಗತ್ತಿ ಮುಂದೆ ಕೂತಿದ್ದರು. ಹಸಿ ಅಡಿಕೆ ಕತ್ತಿಗೆ ತಾಗಿಸಿ, ಒಂದು ತಿರುವು ಕೊಟ್ಟು, ಸಿಪ್ಪೆ ಒಂದು ಕಡೆ, ಅಡಿಕೆ ಒಂದು ಕಡೆ. ಚೊಗರು ಹಿಡಿದ ಆ ಅಂಗೈಯ ಚರ್ಮ ಮೊದಲಿನ ಹಾಗೇ ಗಟ್ಟಿಯಾಗಿತ್ತು.